ನಾಲ್ಕೂ ಕಡಿ ನೀರು

ಸಮುದ್ರದ ಗಾಳಿಯೂ ಸುಳಿಯದ ಬಳ್ಳಾರಿ ಸೀಮೆಯಲ್ಲಿ ಜೀವಮಾನವೆಲ್ಲ ದ್ವೀಪರಾಷ್ಟ್ರಗಳ ಪಾಠ ಮಾಡಿದವನು ನಾನು. ಫಜೀತಿಗಳೆಲ್ಲ ನನಗಾಗದೆ ಇನ್ನಾರಿಗೆ ಆಗಬೇಕು ಹೇಳಿ! ಸಮಾಜ ವಿಜ್ಞಾನದ ಮಾಸ್ತರಿಕೆ ಮುಗಿಸಿ ಈಗ ಮನೆ ಮುಂದಿನ ಕಟ್ಟೆ ಮೇಲೆ ಕೂತಿದ್ದೇನೆ. ಸಂಜೆ ಹೊತ್ತು ಒಗ್ಗರಣೆ ಮಂಡಕ್ಕಿ, ಮಿರ್ಚಿ ಮುಂದೆ ಬಂದರೆ ಸಾಕು, ಹಳೆಯದೆಲ್ಲ ತಾನಾಗಿ ನೆನಪಾಗುತ್ತದೆ. ಪಕ್ಕದಲ್ಲಿ ನಮ್ಮಾಕಿ ಇದ್ದರೆ ನಾನು ಮರೆತದ್ದನ್ನೂ ಸೇರಿಸುತ್ತಾಳೆ. ಸೇರಿಸುವುದೆಲ್ಲ ನನ್ನ ಮಾನ ಕಳೆಯುವಂಥದ್ದೇ.

ಮಾಲ್ಡೀವ್ಸ್ ಮುಳುಗಿದ ದಿನ

ಮೊದಲ ನೌಕರಿ ಕುರುಗೋಡಿನಲ್ಲಿ. ಆಗಷ್ಟೇ ಮದುವೆಯಾಗಿತ್ತು. ಎತ್ತ ನೋಡಿದರೂ ಬಂಡೆಗುಡ್ಡ. ಅಂಥಲ್ಲಿ ನಿಂತು, "ನಾಲ್ಕೂ ಕಡಿ ನೀರಿದ್ದ ನೆಲಕ್ಕ ದ್ವೀಪ ಅಂತಾರ" ಎಂದರೆ ಹುಡುಗರು ಮಿಕಿಮಿಕಿ ನೋಡುತ್ತಿದ್ದರು. ಒಬ್ಬ ಎದ್ದು, "ಸಾರ್, ಅಷ್ಟು ನೀರಿದ್ರ ಅಲ್ಲಿ ಹೆಣ್ಮಕ್ಕಳು ನಳದ ಮುಂದ ಜಗಳಾನ ಮಾಡಂಗಿಲ್ಲೇನ್ರಿ?" ಎಂದ. ಅದು ಉಪ್ಪುನೀರು, ಕುಡಿಯಲಿಕ್ಕೆ ಬರುವುದಿಲ್ಲ ಎಂದೆ. ಯಾರೂ ನಂಬಿದಂತೆ ಕಾಣಲಿಲ್ಲ.

ಮರುದಿನ ಮನೆಯಿಂದ ದೊಡ್ಡ ಪರಾತ ಒಯ್ದು ನೀರು ತುಂಬಿದೆ. ನಡುವೆ ಇಡಲು ಮಣ್ಣಿನ ಮುದ್ದೆ ತಂದರೆ ನೀರು ಕದಡುತ್ತದೆಂದು ಬಲು ಜಾಣತನ ಮಾಡಿ ಬೆಲ್ಲದ ಗಟ್ಟಿ ಇಟ್ಟೆ. "ಇದು ಮಾಲ್ಡೀವ್ಸ್" ಎಂದು ಶುರು ಮಾಡಿದವನು ಅಲ್ಲಿನ ಸುಲ್ತಾನರು, ಬ್ರಿಟಿಷರು, ಅಧ್ಯಕ್ಷರು ಅಂತ ಹೇಳುತ್ತಾ ಹೋದೆ. ಅಧ್ಯಕ್ಷರ ಹತ್ತಿರ ಬರುವ ಹೊತ್ತಿಗೆ ಅರ್ಧ ರಾಷ್ಟ್ರ ಕರಗಿತ್ತು. ನಾನೇನು ಕಡಿಮೆಯೇ? "ನೋಡ್ರಿ, ಸಮುದ್ರ ಏರಿದ್ರ ಈ ದೇಶ ಹಿಂಗ ಮುಳುಗೋ ಭಯ ಐತಿ" ಎಂದು ಅದನ್ನೂ ಪಾಠ ಮಾಡಿಬಿಟ್ಟೆ. ಕಪ್ಪು ಹಲಗೆಯ ಕಡೆ ತಿರುಗಿ ಬರೆಯುವಾಗ ಹಿಂದೆ ಸೊರ್ ಸೊರ್ ಸದ್ದು. ತಿರುಗಿದರೆ ಎಲ್ಲರೂ ಬೊಗಸೆಯಲ್ಲಿ ಹಿಂದೂ ಮಹಾಸಾಗರ ಕುಡಿಯುತ್ತಿದ್ದಾರೆ! "ಸಾರ್, ಉಪ್ಪು ಅಂತ ಸುಳ್ಳು ಹೇಳಿದ್ರಿ. ಪಾನಕ ಇದ್ದಂಗ ಐತಿ!"

ಮನೆಗೆ ಬಂದರೆ ನಮ್ಮಾಕಿ ಒಲೆ ಮುಂದೆ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. "ಚಹಾಕ್ಕ ಇಟ್ಟಿದ್ದ ಬೆಲ್ಲ ಎಲ್ರಿ?"

"ಮುಳುಗಿತು."

ಆದದ್ದೆಲ್ಲ ಹೇಳಿದೆ. ಬೆಲ್ಲವಿಲ್ಲದ ಚಹಾ ನನ್ನ ಮುಂದೆ ಕುಕ್ಕಿ, ತಾನೂ ಎದುರಿಗೆ ಕೂತಳು. ಆಕೆಯ ತವರು ಮೋಕ. ಪಕ್ಕದ ಹಗರಿ ಹೊಳೆಯಲ್ಲಿ ಬೇಸಿಗೆ ಬಂದರೆ ನೀರಿಗಿಂತ ಮರಳೇ ಹೆಚ್ಚು. "ಹಂಗಾರ ಎಲ್ಲಾ ಮುಳುಗೋದ್ರೊಳಗ ನನಗೂ ಒಂದು ದ್ವೀಪರಾಷ್ಟ್ರ ತೋರ್ಸ್ರಿ. ನಾಲ್ಕೂ ಕಡಿ ನೀರು ಅಂತೀರಲ್ಲ, ಅದನ್ನ ನನ್ನ ಕಣ್ಣಾರೆ ನೋಡಬೇಕು" ಎಂದಳು.

"ಬರೋ ಬ್ಯಾಸಿಗಿಗೆ ಹೋಗೋಣ" ಎಂದೆ. ಹೊಸ ಗಂಡ, ಇನ್ನೇನಂದಾನು!

ಫಿಜಿಗೆ ಹೋಗೋ ಟೆಂಪೊ

ಆಮೇಲೆ ಸಿರುಗುಪ್ಪಕ್ಕೆ ವರ್ಗವಾಯಿತು. ಕಣ್ಣು ಹಾಯಿಸಿದಷ್ಟೂ ಭತ್ತದ ಗದ್ದೆ. ಒಂದು ದಿನ ಫಿಜಿಯ ಇತಿಹಾಸ ಹೇಳಿದೆ. ಬ್ರಿಟಿಷರು ನಮ್ಮ ದೇಶದ ಬಡವರನ್ನು ಹಡಗು ಹತ್ತಿಸಿ ಅಲ್ಲಿನ ಕಬ್ಬಿನ ಹೊಲಕ್ಕೆ ಒಯ್ದದ್ದು, ಅವರು ಪಟ್ಟ ಪಾಡು, ಕೊನೆಗೆ ಅವರ ಮೊಮ್ಮಕ್ಕಳು ಅಲ್ಲೇ ಮಂತ್ರಿಗಳಾದದ್ದು, ಎಲ್ಲ. ಸಿರಿಗೇರಿಯಿಂದ ಬರುತ್ತಿದ್ದ ಹುಡುಗಿಯರು ಬಾಯಿ ಬಿಟ್ಟು ಕೇಳಿದರು. ಪಾಠ ಇಷ್ಟು ಚೆನ್ನಾಗಿ ತಲುಪಿತಲ್ಲ ಎಂದು ಬೀಗಿದೆ.

ತಲುಪಿದ್ದು ಎಲ್ಲಿಗೆ ಅಂತ ಮರುದಿನ ಬೆಳಿಗ್ಗೆ ಗೊತ್ತಾಯಿತು. ಸಾಲಿ ಗೇಟಿನ ಮುಂದೆ ಆ ಹುಡುಗಿಯರ ಊರಿನ ಹೆಣ್ಣುಮಕ್ಕಳ ಗುಂಪು. ಕೈಯಲ್ಲಿ ಕುಡಗೋಲು, ಕಂಕುಳಲ್ಲಿ ರೊಟ್ಟಿ ಗಂಟು. "ಸಾರ್, ಫಿಜಿಗೆ ಕಬ್ಬು ಕಡಿಯಾಕ ಮಂದಿ ಬೇಕಂತಲ್ರಿ? ಟೆಂಪೊ ಎಲ್ಲಿ ನಿಂದರತೈತಿ?"

"ಅವ್ವಾ, ಅದು ಹಳೇ ಕತಿ. ಫಿಜಿ ದೂರ ಐತಿ, ಸಮುದ್ರ ದಾಟಬೇಕು" ಎಂದೆ.

"ಹೊಳಿ ದಾಟಿ ಕೂಲಿಗೆ ಹೋಗಿಲ್ಲೇನ್ರಿ? ಸಂಜಿಗೆ ಮನಿ ಮುಟ್ಟಿಸಿದ್ರ ಸಾಕು."

ಅಷ್ಟರಲ್ಲಿ ಬೈಕಿನಲ್ಲಿ ಒಬ್ಬ ಗೌಡರು ಧಾವಿಸಿ ಬಂದರು. ಮುಖ ಕೆಂಪಗಾಗಿತ್ತು. "ಮಾಸ್ತರ್ರೇ, ಇಲ್ಲಿ ನಾಟಿಗೆ ಆಳು ಸಿಗವಲ್ದು. ಇಂಥಾ ಹೊತ್ತಿನ್ಯಾಗ ನಮ್ಮ ಮಂದಿನ ಹೊರದೇಶಕ್ಕ ಕಳಿಸ್ತೀರಲ್ಲ, ನಿಮಗ ಒಪ್ಪತೈತೇನ್ರಿ? ಆ ಪಾಠ ನಾಟಿ ಮುಗಿದ ಮ್ಯಾಲ ಮಾಡ್ರಿ!" ಹೆಡ್ ಮಾಸ್ತರು ಹೊರಗೆ ಬಂದು, ಹೌದು ಹೌದು, ಫಿಜಿ ಸುಗ್ಗಿ ಆದ ಮೇಲೆ ಇಟ್ಟುಕೊಳ್ಳಿ ಎಂದು ಅಪ್ಪಣೆ ಕೊಟ್ಟರು. ಗುಂಪು ಒಲ್ಲದ ಮನಸ್ಸಿನಿಂದ ಚದುರಿತು. ಒಬ್ಬ ಮುದುಕಿ ಮಾತ್ರ ನನ್ನ ಹತ್ತಿರ ಬಂದು ಮೆಲ್ಲಗೆ, "ಮೊಮ್ಮಕ್ಕಳು ಮಂತ್ರಿ ಆಗತಾರಂದ್ರ ಸಂಜಿಗೆ ಬಿಡಲಿಲ್ಲಂದ್ರೂ ಚಿಂತಿಲ್ಲ ಸಾರ್. ನನ್ನೊಬ್ಬಾಕಿದು ನೋಡ್ರಿ" ಎಂದಳು.

ಇದನ್ನು ಮನೆಯಲ್ಲಿ ಹೇಳಿ ನಕ್ಕರೆ ನಮ್ಮಾಕಿ ನಗಲಿಲ್ಲ. "ಅವರನ್ನ ಕಳಸಾಕ ಹೊಂಟಿದ್ರಿ. ನನ್ನ ಬ್ಯಾಸಿಗಿ ಯಾವಾಗ ಬರತೈತಿ?"

ದ್ವೀಪ ಆತು, ರಾಷ್ಟ್ರ ಎಲ್ಲಿ?

ಉಪಾಯ ಹೊಳೆಯಿತು. ಸಿರುಗುಪ್ಪದ ಹತ್ತಿರ ತುಂಗಭದ್ರೆಯಲ್ಲಿ ಸಣ್ಣಪುಟ್ಟ ನಡುಗಡ್ಡೆಗಳಿವೆ. ಒಂದು ರವಿವಾರ ಹರಿಗೋಲು ಹತ್ತಿಸಿ ಕರೆದುಕೊಂಡು ಹೋದೆ. ಅಲ್ಲೊಂದು ಪುಟ್ಟ ಈಶ್ವರನ ಗುಡಿ, ಜಾಲಿ ಗಿಡ, ಆಡು ಮೇಯಿಸುವ ಒಬ್ಬ ಅಜ್ಜ, ಅಷ್ಟೇ. ಆಕೆ ಗುಡಿ ಸುತ್ತಿದಳು. ಆಮೇಲೆ ಸೆರಗು ಬಿಗಿದು ನಡುಗಡ್ಡೆಯನ್ನೇ ಸುತ್ತಲು ಹೊರಟಳು.

"ಏ, ಎಲ್ಲಿಗೆ?"

"ಗುಡಿಗೆ ಬಂದ್ರ ಸುತ್ತು ಹಾಕ್ತೀವಿ. ದ್ವೀಪಕ್ಕ ಬಂದು ಸುತ್ತು ಹಾಕದ ಹೋದ್ರ ಬಂದಂಗ ಏನಾತು?"

ಮುಳ್ಳಿನಲ್ಲಿ ಹಿಂದೆ ಹಿಂದೆ ನಡೆದೆ. ನನ್ನ ಚಪ್ಪಲಿ ಕಿತ್ತಿತು. ಅಜ್ಜ ಕನಿಕರದಿಂದ, "ಏನು ಕಳಕೊಂಡೀರವ್ವಾ?" ಎಂದು ಕೇಳಿದ. "ನಾಲ್ಕೂ ಕಡಿ ನೀರು ಐತೋ ಇಲ್ಲೋ ನೋಡಾಕತ್ತೀವಿ" ಎಂದಳು. ಅಜ್ಜ ನನ್ನ ಮುಖ ನೋಡಿದ. ನಾನು ಆಡಿನ ಮುಖ ನೋಡಿದೆ.

ಸುತ್ತು ಮುಗಿಸಿ ಬಂದವಳು ಹಣೆ ಒರೆಸಿಕೊಂಡು, "ನೀರೇನೋ ಐತಿ. ದ್ವೀಪ ಆತು. ರಾಷ್ಟ್ರ ಎಲ್ರಿ? ಬಾವುಟ ಇಲ್ಲ, ಮಂತ್ರಿ ಇಲ್ಲ. ಇದು ಲೆಕ್ಕಕ್ಕಿಲ್ಲ. ನೀವು ಹೇಳಿದ್ದು ದ್ವೀಪರಾಷ್ಟ್ರ" ಎಂದಳು. ಪಾಠ ಇಷ್ಟು ನೆನಪಿಟ್ಟುಕೊಂಡ ವಿದ್ಯಾರ್ಥಿ ನನಗೆ ಇನ್ನೊಬ್ಬ ಸಿಗಲಿಲ್ಲ.

ಬೀಳ್ಕೊಡುಗೆ

ಬಳ್ಳಾರಿಗೆ ಬಂದೆವು. ಮಗಳ ಓದು, ಅಮ್ಮನ ಕಾಯಿಲೆ, ಮಗಳ ಮದುವೆ. ಬೇಸಿಗೆಗಳು ಬಂದವು, ಹೋದವು. ಬ್ರೂಸ್‌ಪೇಟೆಯ ಸಂತೆಯಂಥ ಓಣಿಗಳಲ್ಲಿ ಚೀಲ ಹಿಡಿದು ನನಗಿಂತ ಮುಂದೆ ನಡೆಯುತ್ತಿದ್ದವಳು ಮೆಲ್ಲಗೆ ಹಿಂದೆ ಬಿದ್ದಳು. ಮಂಡಿನೋವು. ಡಾಕ್ಟರು, ಇನ್ನು ಮೇಲೆ ಹೆಚ್ಚು ನಡೆಯಬೇಡಿ ಎಂದರು.

ನನ್ನ ಬೀಳ್ಕೊಡುಗೆಯಲ್ಲಿ ಎಲ್ಲರೂ ಹೊಗಳಿದ್ದೇ ಹೊಗಳಿದ್ದು. ಸಾರ್ ಪಾಠ ಮಾಡಿದರೆ ಜಗತ್ತಿನ ದ್ವೀಪಗಳೆಲ್ಲ ಕಣ್ಣ ಮುಂದೆ ಬರುತ್ತಿದ್ದವು ಎಂದರು. ಯಾರೋ ನಮ್ಮಾಕಿ ಕೈಗೂ ಮೈಕ್ ಕೊಟ್ಟರು. ಆಕೆ ಗಂಟಲು ಸರಿ ಮಾಡಿಕೊಂಡು, "ನಿಮಗೆಲ್ಲಾ ತೋರ್ಸ್ಯಾರ, ಭಾಳ ಸಂತೋಷ. ನನಗ ಇನ್ನೂ ಒಂದೂ ತೋರಿಸಿಲ್ಲ" ಎಂದು ಕೂತಳು. ಸಭೆಯೆಲ್ಲ ಗೊಳ್ಳೆಂದು ನಕ್ಕಿತು. ನಾನೂ ಹಾರದೊಳಗೆ ಮುಖ ಹುದುಗಿಸಿ ನಕ್ಕೆ. ಆದರೆ ಆಕೆ ಕುರ್ಚಿ ಹಿಡಿದು ಮೆಲ್ಲಗೆ ಕೂತದ್ದು ಕಣ್ಣಿಗೆ ಬಿತ್ತು. ಆ ಮಂಡಿಗಳು ಪೂರ್ತಿ ಕೈಕೊಡುವುದರೊಳಗೆ ಕರೆದುಕೊಂಡು ಹೋಗದಿದ್ದರೆ ಇನ್ನು ಯಾವ ಬೇಸಿಗೆಗೂ ಆಗುವುದಿಲ್ಲ.

ಉಳಿದ ಮೂರು ಕಡಿ

ಮೊನ್ನೆ ಬೇಸಿಗೆಯಲ್ಲಿ ಹೋದೆವು, ಶ್ರೀಲಂಕಾಕ್ಕೆ. ಸಜ್ಜೆ ರೊಟ್ಟಿ, ಶೇಂಗಾ ಚಟ್ನಿ, ಮಂಡಿಗೆ ಹಚ್ಚುವ ಎಣ್ಣೆ, ಎಲ್ಲ ಕಟ್ಟಿಕೊಂಡೇ. ವಿಮಾನ ನಿಲ್ದಾಣದಲ್ಲಿ ಪಾಸ್‌ಪೋರ್ಟಿಗೆ ಮುದ್ರೆ ಒತ್ತಿದಾಗ, "ಇದು ರಾಷ್ಟ್ರ ಹೌದು" ಎಂದು ತಲೆದೂಗಿದಳು.

ಸಂಜೆ ಕೊಲಂಬೊದ ಕಡಲ ದಂಡೆಗೆ ಹೋದೆವು. ಆಕೆ ನೀರನ್ನೇ ನೋಡುತ್ತಾ ನಿಂತಳು. ಕಣ್ಣಂಚು ಒದ್ದೆಯಾಗಿತ್ತು. ಅಂತೂ ಮಾತು ಉಳಿಸಿಕೊಂಡೆ ಎಂದುಕೊಂಡೆ.

"ಒಂದು ಕಡಿ ಆತು" ಎಂದಳು. "ಉಳದ ಮೂರು ಕಡಿ ಎಲ್ರಿ?"

ಇದು ದೊಡ್ಡ ದ್ವೀಪ, ಇಲ್ಲಿ ನಿಂತರೆ ಒಂದೇ ಕಡೆ ಕಾಣುತ್ತದೆ ಎಂದೆ. ಕೇಳಲಿಲ್ಲ. ನಮ್ಮ ಕಾರಿನ ಡ್ರೈವರ್ ತಮಿಳಿನವನು. ದ್ವೀಪ ಸುತ್ತಲು ಎಷ್ಟು ದಿನ ಬೇಕೆಂದು ಆತನನ್ನು ತನ್ನ ತವರಿನ ತೆಲುಗಿನಲ್ಲಿ ವಿಚಾರಿಸಿದಳು, "ತಮ್ಮುಡೂ, ಚುಟ್ಟೂ ತಿರಗಡಾನಿಕಿ ಎನ್ನಿ ರೋಜುಲು?" ಆತ ಕೈಬೆರಳುಗಳನ್ನೆಲ್ಲ ಬಿಡಿಸಿ ತೋರಿಸಿದ. ನಮ್ಮ ವಿಮಾನ ಮೂರು ದಿನಕ್ಕೇ ಇತ್ತು. ಆಕೆ ಮಂಡಿ ಹಿಡಿದುಕೊಂಡು ಕಲ್ಲಿನ ಮೇಲೆ ಕೂತುಬಿಟ್ಟಳು. "ಇಷ್ಟು ದೂರ ಬಂದು ಸುತ್ತು ಹಾಕದ ಹೋಗೋದೇನ್ರಿ?" ಮುಖ ಸಣ್ಣದಾಗಿತ್ತು. ಅಯ್ಯ ಶಿವನೇ, ಆ ಮುಖ ನೋಡಲಾಗಲಿಲ್ಲ ನನಗೆ.

ತಟ್ಟನೆ ಎದ್ದಳು. "ಗುಡಿಯಾಗ ಸುತ್ತಾಕ ಜಾಗ ಇಲ್ಲಂದ್ರ ಏನ್ ಮಾಡ್ತೀವಿ? ನಿಂತಲ್ಲೇ ಸುತ್ತು ಹಾಕ್ತೀವಿ!" ಕಡಲಿಗೆ ಕೈಮುಗಿದು, ನಿಂತಲ್ಲೇ ಗಿರ್ರನೆ ತಿರುಗತೊಡಗಿದಳು. "ನೀವೇನು ನೋಡ್ತೀರಿ? ತಿರುಗ್ರಿ!"

ತಿರುಗಿದೆ. ಇನ್ನೇನು ಮಾಡಲಿ? ಜನ ನೆರೆದರು. ಯಾರೋ ಬಿಳಿ ದಂಪತಿ ಇದು ಇಲ್ಲಿನ ಸಂಪ್ರದಾಯವೆಂದುಕೊಂಡು ಬ್ಯಾಗು ಕೆಳಗಿಟ್ಟು ಕೈಮುಗಿದು ತಾವೂ ತಿರುಗಿದರು. ಪೊಲೀಸಿನವನು ಬಂದು ಇಂಗ್ಲಿಷಿನಲ್ಲಿ, ಇದೇನು ನಡೆದಿದೆ ಎಂದ. ತಿರುಗುತ್ತಲೇ, "ಭೂಗೋಳದ ಪಾಠ" ಎಂದೆ.

ಕೊನೆಗೆ ನಮ್ಮಾಕಿಗೆ ತಲೆ ಸುತ್ತಿ ಬಂತು. ಓಲಾಡುತ್ತಾ ಬಂದು ನನ್ನ ಹೆಗಲು ಹಿಡಿದಳು. ನಾನೂ ಓಲಾಡುತ್ತಿದ್ದೆ, ಆಕೆಯನ್ನೇ ಹಿಡಿದುಕೊಂಡೆ. ಆಕೆ ಕಣ್ಣರಳಿಸಿ ಆಚೆ ನೋಡಿದಳು, ಈಚೆ ನೋಡಿದಳು, ಹಿಂದೆ ನೋಡಿದಳು. ಆಮೇಲೆ ಮದುವೆಯಾದ ಹೊಸದರಲ್ಲಿ ನಗುತ್ತಿದ್ದಳಲ್ಲ, ಹಾಗೆ ನಕ್ಕಳು.

"ರೀ! ಈಗ ನೋಡ್ರಿ, ನಾಲ್ಕೂ ಕಡಿ ನೀರು ಕಾಣಾಕತ್ತೈತಿ!"