ಅರ್ಧ ಸೆಕೆಂಡಪ್ಪ ಓಡಿದ ದಿನ

ಅಂಗಿಯ ಒಂದು ಗುಂಡಿ ಮನುಷ್ಯನ ಬಾಳನ್ನ ಬೋರಲು ಹಾಕುತ್ತೆ ಅಂದ್ರೆ ಯಾರೂ ನಂಬಲ್ಲ. ಅರ್ಧ ಸೆಕೆಂಡಪ್ಪನೂ ನಂಬ್ತಿರಲಿಲ್ಲ, ಆವತ್ತು ಬೆಳಿಗ್ಗೆ ತನಕ.

ಸೈನ್ಯಕ್ಕೆ ಹುಡುಗರನ್ನ ಆರಿಸ್ಕೊಳ್ಳೋ ಕಚೇರಿ ಅದು. ಹೊಸದಾಗಿ ಬಂದ ಸಾಹೇಬ್ರು ಕಚೇರಿ ಸಿಬ್ಬಂದೀನೆಲ್ಲಾ ಸಾಲಾಗಿ ನಿಲ್ಲಿಸ್ಕೊಂಡು, ಚಹಾದ ಕಪ್ಪು ಕೈಯಲ್ಲಿ ಹಿಡ್ಕೊಂಡು, ಶಿಸ್ತು ಅಂದ್ರೇನು ಅಂತ ಹೇಳ್ತಾ ಇದ್ರು. ಹೇಳಿದ್ರು ಹೇಳಿದ್ರು, ಗೋಡೆ ಮೇಲಿನ ಹಲ್ಲಿಗೂ ಆಕಳಿಕೆ ಬಂತು. ಮುಂದಿನ ಸಾಲಲ್ಲಿ ನಮ್ಮವನು ಹೊಟ್ಟೆ ಒಳಗೆಳ್ಕೊಂಡು ನಿಂತಿದ್ದ. ಎಷ್ಟು ಹೊತ್ತು ಅಂತ ಎಳ್ಕೊಂಡಿರ್ತಾನೆ ಪಾಪ? ಉಸಿರು ಬಿಟ್ಟ. ನಡುವಿನ ಗುಂಡಿ ಕಿತ್ಕೊಂಡು ಹಾರಿ, ಸೀದಾ ಸಾಹೇಬ್ರ ಕಪ್ಪಿಗೆ ಟಣ್ ಅಂತ ಬಡಿದು ಒಳಗೆ ಮುಳುಗ್ತು. ಆ ಕಚೇರಿಯಿಂದ ಗಡಿಗೆ ಹೋದ ಯಾವ ಸಿಪಾಯೀನೂ ಅಷ್ಟು ಗುರಿಯಿಟ್ಟು ಹೊಡೆದಿರಲಿಕ್ಕಿಲ್ಲ.

ಸಾಹೇಬ್ರು ಎರಡು ಬೆರಳಲ್ಲಿ ಗುಂಡಿ ಎತ್ತಿ ಹಿಡಿದ್ರು.

"ಯಾರದಿದು?"

"ನನ್ನದು, ಸಾಹೇಬ್ರೇ." ಸುಳ್ಳು ಹೇಳಿ ರೂಢಿಯೇ ಇಲ್ಲದ ಬಾಯಿ ಅದು.

"ಏನಯ್ಯ ನಿನ್ನ ಕೆಲಸ?"

"ಹುಡುಗರ ಪರೀಕ್ಷೆ ಬರೀತೀನಿ. ಎಷ್ಟು ಹೊತ್ತಲ್ಲಿ ಓಡಿದ್ರು, ಎಷ್ಟು ದಂಡ ಹೊಡೆದ್ರು, ಎದೆ ಎಷ್ಟು ಉಬ್ಬಿಸಿದ್ರು, ಎಲ್ಲಾ."

"ಕಾಯಮ್ಮೋ?"

"ಹನ್ನೆರಡು ವರ್ಷದಿಂದ ತಾತ್ಕಾಲಿಕ. ಕಾಯಂ ಮಾಡೋ ಕಾಗದ ತಮ್ಮ ಮೇಜಿನ ಮೇಲೇ ಇದೆ."

"ಬರೆಯೋನಿಗೇ ಈ ಹೊಟ್ಟೆ ಇದ್ರೆ ಓಡೋರು ನಗಲ್ವೇನಯ್ಯ? ಈ ಕಚೇರೀಲಿ ಕಾಯಂ ಆಗೋನು ಬಂದೂಕು ಹಿಡೀಲಿ, ಪೆನ್ನು ಹಿಡೀಲಿ, ಪರೀಕ್ಷೆ ಪಾಸಾಗಲೇಬೇಕು ಅಂತ ನಿಯಮ ಇದೆ. ಇಷ್ಟು ದಿನ ಯಾರೂ ತೆಗೆದು ನೋಡಿಲ್ಲ, ಅಷ್ಟೆ. ಸಾಯಂಕಾಲ ಮೈದಾನಕ್ಕೆ ಬಾ. ಪಾಸಾದ್ರೆ ಇವತ್ತೇ ಕಾಯಂ ಮಾಡ್ತೀನಿ. ಇಲ್ಲಾಂದ್ರೆ ನಾಳೆ ಬೇರೆಯವನು ಬರ್ತಾನೆ. ಕ್ವಾರ್ಟರ್ಸೂ ಅವನಿಗೇ."

ನೆಲ ಬಾಯಿ ಬಿಟ್ಟು ನುಂಗಿದ್ರೂ ಅವನಿಗೆ ಅಷ್ಟು ದಿಗಿಲಾಗ್ತಿರಲಿಲ್ಲ. ಕೆಲಸ ಹೋದ್ರೆ ಇನ್ನೊಂದು ಹುಡುಕಬಹುದು. ಆದ್ರೆ ಹೆಂಡ್ತೀನ ಎಲ್ಲಿಗೆ ಕರ್ಕೊಂಡು ಹೋಗ್ತಾನೆ? ಆ ಎರಡು ಕೋಣೆ ಕ್ವಾರ್ಟರ್ಸು ಬಿಟ್ರೆ ಅವರಿಗೆ ತಲೆ ಮೇಲೆ ಆಕಾಶವೇ ಗತಿ.

ಅರ್ಧ ಸೆಕೆಂಡಪ್ಪ ಅನ್ನೋ ಹೆಸರು ಸುಮ್ಮನೆ ಬಂದಿರಲಿಲ್ಲ. ಕೊರಳಲ್ಲಿ ನೇತಾಡೋ, ಓಟ ಅಳೆಯೋ ಗಡಿಯಾರನ ಅವನು ನೋಡ್ಕೊಂಡ ಹಾಗೆ ಹೆತ್ತ ತಾಯಿ ಮಗು ನೋಡ್ಕೊಳ್ಳಲ್ಲ. ಅದರ ಮುಳ್ಳು ಗಡುವಿಗಿಂತ ಅರ್ಧ ಸೆಕೆಂಡು ಆಚೆ ಹೋಗಿದ್ರೆ ಮುಗೀತು, ಅಳಲಿ, ಕಾಲು ಹಿಡೀಲಿ, ಹಾಳೆ ಮೇಲೆ ಫೇಲು ಅಂತಲೇ ಬರಿಯೋನು. ಹಾಗೆ ಫೇಲಾದ ಹುಡುಗರೆಲ್ಲಾ ಪೇಟೆ ಬೀದೀಲಿ ಅಂಗಡಿ ಇಟ್ಕೊಂಡು ಕೂತಿದ್ರು. ಕ್ಷೌರದವನು, ಬ್ರೆಡ್ಡಿನ ಭಟ್ಟಿಯವನು, ಸೈಕಲ್ ರಿಪೇರಿಯವನು. ಒಂದು ಪಟಾಲಮ್ಮು ಕಟ್ಟೋವಷ್ಟು ಜನ. ಕ್ಷೌರದವನಂತೂ ಪ್ರತಿಸಲ ಇವನ ಗಂಟಲ ಮೇಲೆ ಕತ್ತಿ ಇಟ್ಟು, "ಇದಕ್ಕೂ ಅರ್ಧ ಸೆಕೆಂಡು ಸಾಕು ನೋಡಣ್ಣ" ಅಂತಿದ್ದ. ಇವನು ಉಗುಳು ಕೂಡ ನುಂಗದೆ ಕೂತಿರ್ತಿದ್ದ.

ಸುದ್ದಿ ಇವನಿಗಿಂತ ಜೋರಾಗಿ ಓಡ್ತು. ಮಧ್ಯಾಹ್ನ ಮನೆ ಕಡೆ ಹೊರಟೋನ ಕೈಯನ್ನ ಕ್ಷೌರದವನು ಹಿಡ್ಕೊಂಡ.

"ಬಾ ಅಣ್ಣ, ಭಾರ ಇಳಿಸ್ತೀನಿ. ಕೂದಲಿಗೂ ತೂಕ ಇರುತ್ತೆ, ಗಾಳಿಗೂ ಅಡ್ಡ ಬರುತ್ತೆ."

"ಇರೋದೇ ನಾಲ್ಕು ಕೂದಲು ಮಾರಾಯ."

"ಆ ನಾಲ್ಕೇ ನಿನ್ನ ಅರ್ಧ ಸೆಕೆಂಡು!" ಅಂದವನೇ ಬೋಳಿಸಿಬಿಟ್ಟ.

ತಲೆ ಸವರ್ಕೊಂಡು ಹೊರಗೆ ಬರೋಷ್ಟರಲ್ಲಿ ಭಟ್ಟಿಯವನು ಅಡ್ಡ ಬಂದ. ಕೈಯಲ್ಲಿ ಖಾಲಿ ಮೈದಾ ಚೀಲ. "ಹೊಟ್ಟೆ ಅಲ್ಲಾಡಿದ್ರೆ ಉಸಿರು ಕೆಡುತ್ತೆ. ಇದನ್ನ ಬಿಗಿಯಾಗಿ ಸುತ್ಕೋ" ಅಂತ, ಇವನು ಬೇಡ ಬೇಡ ಅಂತಿದ್ರೂ ಮೊಣಕಾಲು ಕೊಟ್ಟು ಎಳೆದು ಗಂಟು ಹಾಕಿದ. ಇವನ ಕಣ್ಣುಗುಡ್ಡೆ ಎರಡೂ ಮುಂದಕ್ಕೆ ಬಂದು ಬೀದಿ ನೋಡಿ ಹೋದವು.

ಸೈಕಲ್ ರಿಪೇರಿಯವನು ಒಳಗೆ ಹೋಗಿ ಹಳೇ ಪೇಪರಲ್ಲಿ ಸುತ್ತಿದ ಒಂದು ಜೊತೆ ಬೂಟು ತಂದಿಟ್ಟ.

"ನೀನು ನನ್ನ ವಾಪಸ್ಸು ಕಳಿಸಿದ ದಿನ ಬಿಚ್ಚಿಟ್ಟಿದ್ದು. ಆಮೇಲೆ ಹಾಕ್ಕೊಳ್ಳೋಕೆ ಮನಸ್ಸು ಬರಲಿಲ್ಲ. ಹಾಕ್ಕೊಂಡು ಓಡು."

ಬೂಟು ದೊಡ್ಡದಾಗಿತ್ತು. ಮುಂದೆ ಪೇಪರು ತುರುಕಿ ಹಾಕ್ಕೊಂಡ.

ಮನೇಲಿ ಹೆಂಡ್ತಿ ಬೋಳು ತಲೆ ನೋಡಿದ್ಲು, ಚೀಲ ನೋಡಿದ್ಲು, ಬೂಟು ನೋಡಿದ್ಲು.

"ಯಾರು ಹೋಗಿಬಿಟ್ರು ರೀ?"

"ಇನ್ನೂ ಯಾರೂ ಹೋಗಿಲ್ಲ ಕಣೇ. ಸಾಯಂಕಾಲ ಗೊತ್ತಾಗುತ್ತೆ" ಅಂದ, ಎಲ್ಲಾ ಹೇಳಿದ.

ಅವಳು ಅಳಲಿಲ್ಲ. ಸೆರಗಲ್ಲಿ ಕೈ ಒರೆಸ್ಕೊಂಡು, "ನಡೀರಿ, ನಾನೂ ಬರ್ತೀನಿ. ಬಿದ್ರೆ ಎತ್ತೋಕೆ ಯಾರಾದ್ರೂ ಬೇಕಲ್ಲ" ಅಂದ್ಲು.

ಮೈದಾನದ ಬೇಲಿಯಾಚೆ ಪೇಟೆಗೆ ಪೇಟೆಯೇ ಅಂಗಡಿ ಬಾಗಿಲು ಹಾಕ್ಕೊಂಡು ಬಂದು ನಿಂತಿತ್ತು. ಸಹಾಯ ಮಾಡಿದ್ದು ಹೌದು, ಆದ್ರೆ ನಗೋಕೆ ಅಂತಲೇ ಬಂದಿದ್ರು. ಅನ್ನ ಹಾಕಿದೋರಿಗೆ ಉಣ್ಣೋದು ನೋಡೋ ಹಕ್ಕಿಲ್ವಾ?

ಮೊದಲು ದಂಡ. ಎಣಿಸೋನು ಕಚೇರೀಲಿ ಹುಡುಗರ ತೂಕ ನೋಡೋನು, ಇವನ ಹಳೇ ಗೆಳೆಯ. ಬರೆಯೋ ಅಧಿಕಾರ ಮಾತ್ರ ಇಡೀ ಕಚೇರೀಲಿ ಅರ್ಧ ಸೆಕೆಂಡಪ್ಪನೊಬ್ಬನಿಗೇ. ಹಾಗಾಗಿ ಅವನದನ್ನೂ ಅವನೇ ಬರೀಬೇಕು. ಹಾಳೆ ಮೂಗಿನ ಕೆಳಗೆ ಇಟ್ಕೊಂಡು ನೆಲಕ್ಕೆ ಕೈ ಊರಿದ.

"ಒಂದು" ಅಂದ ತೂಕದವನು. "ಮೂರು. ಏಳು."

ಇವನು ನೆಲದಿಂದಲೇ ಕತ್ತೆತ್ತಿದ. "ಎರಡು ಎಲ್ಲೋ?"

"ದಾರೀಲಿ ಬಿದ್ದೋಯ್ತು. ಹೊಡಿ ಸುಮ್ನೆ. ಹನ್ನೊಂದು."

"ಮತ್ತೆ ಒಂದರಿಂದ ಎಣಿಸು."

"ಸತ್ತೋಗ್ತೀಯಲ್ಲೋ!"

"ಸತ್ರೆ ಎಷ್ಟಕ್ಕೆ ಸತ್ತೆ ಅನ್ನೋ ಲೆಕ್ಕ ಸರಿಯಾಗಿರ್ಲಿ."

ಒಂದರಿಂದ ಎಣಿಸಿದ್ರು. ಕೊನೇ ದಂಡಕ್ಕೆ ಮೇಲೇಳುವಾಗ ಇವನ ಕೈ ಎಷ್ಟು ನಡುಗಿತು ಅಂದ್ರೆ, ಕಂಬದ ಮೇಲಿದ್ದ ಕಾಗೆ ಭೂಕಂಪ ಬಂತು ಅಂತ ಹಾರಿಹೋಯ್ತು. ಎದ್ದ ಮಾತ್ರ. ಎದೆ ಅಳತೆಗೆ ಚೀಲ ಬಿಚ್ಚಿಟ್ಟು ಉಬ್ಬಿಸಿದ, ಅದೂ ಬೇಕಾದಷ್ಟಕ್ಕೆ ಬಂತು. ಎರಡನ್ನೂ ಪಾಸು ಅಂತ ಬರೆದ. ಉಳಿದಿದ್ದು ಓಟ. ನಾಲ್ಕು ಸುತ್ತು.

ಚೀಲ ಮತ್ತೆ ಕಟ್ಕೊಂಡ. ಸೀಟಿ ಊದಿದ್ರು. ಗಡಿಯಾರ ಒತ್ತಿ ಹೊರಟ.

ಖಾಲಿ ಚೀಲ ಅಂದ್ರೆ ಪೂರ್ತಿ ಖಾಲಿ ಅಲ್ಲ ನೋಡಿ. ಹೆಜ್ಜೆ ಹೆಜ್ಜೆಗೂ ಪುಫ್ ಪುಫ್ ಅಂತ ಹಿಟ್ಟು ಹಾರ್ತು. ಒಂದು ಸುತ್ತು ಮುಗಿಯೋ ಹೊತ್ತಿಗೆ ಮನುಷ್ಯನೇ ಕಾಣ್ತಿರಲಿಲ್ಲ. ಒಂದು ಬಿಳೀ ಮೋಡ ಬೋಳು ತಲೆ ಹೊತ್ಕೊಂಡು ಉರುಳ್ತಾ ಇತ್ತು. ಬೇಲಿಯಾಚೆ ನಕ್ಕೂ ನಕ್ಕೂ ಭಟ್ಟಿಯವನು ಕ್ಷೌರದವನ ಹೆಗಲಿಗೆ ಬಿದ್ದ.

ಮೂರನೇ ಸುತ್ತಿಗೆ ನಗು ನಿಂತೋಯ್ತು. ಮೂರನೇ ಸುತ್ತಲ್ಲಿ ಎದೆ ಹೇಗೆ ಉರಿಯುತ್ತೆ, ಬಾಯಿ ಹೇಗೆ ಮರಳು ತಿಂದ ಹಾಗಾಗುತ್ತೆ ಅಂತ ಅಲ್ಲಿದ್ದೋರಿಗೆಲ್ಲಾ ಗೊತ್ತಿತ್ತು. ಅವರೆಲ್ಲಾ ಸೋತಿದ್ದೂ ಅಲ್ಲೇ ತಾನೆ? ದೊಡ್ಡ ಬೂಟು ಟಪ್ ಟಪ್ ಅನ್ನೋದೊಂದೇ ಕೇಳ್ತಿತ್ತು. ಕೊನೇ ಸುತ್ತಿಗೆ ತಿರುಗುವಾಗ ಸೈಕಲ್‌ನವನು ಬೇಲಿ ಹಿಡ್ಕೊಂಡು, "ಓಡಣ್ಣ! ಓಡು!" ಅಂತ ಕೂಗಿದ. ಆಮೇಲೆ ಎಲ್ಲರೂ ಕೂಗಿದ್ರು.

ಅವನು ಗೆರೆ ದಾಟಿ, ಗಡಿಯಾರ ಒತ್ತಿ, ಮಂಡಿಯೂರಿ ಕೂತ. ಉಸಿರು ಬಂದ ಮೇಲೆ ನೋಡ್ಕೊಂಡ.

ಅರ್ಧ ಸೆಕೆಂಡು ಹೆಚ್ಚಾಗಿತ್ತು.

ಸಾಹೇಬ್ರು ದೂರದಲ್ಲಿ ಮರದ ನೆರಳಲ್ಲಿದ್ರು. ಮೊದಲು ಓಡಿ ಬಂದಿದ್ದು ಹೆಂಡ್ತಿ, ಅವಳ ಹಿಂದೆ ಕ್ಷೌರದವನು. ಕ್ಷೌರದವನು ಬಗ್ಗಿ ಗಡಿಯಾರ ನೋಡಿ, ಅವನ ಮುಖ ನೋಡಿ, ಅಂಗೈಯಿಂದ ಗಡಿಯಾರ ಮುಚ್ಚಿದ.

"ಅಣ್ಣ, ನಾನು ನೋಡಿಲ್ಲ. ಅತ್ತಿಗೇನೂ ನೋಡಿಲ್ಲ. ಅವತ್ತು ನನಗಂತೂ ಪಾಸು ಅಂತ ಬರೀಲಿಲ್ಲ. ನಿನಗಾದ್ರೂ ಬರ್ಕೋ."

ಅರ್ಧ ಸೆಕೆಂಡಪ್ಪ ಹೆಂಡ್ತಿ ಕಡೆ ನೋಡಿದ. ಆ ಎರಡು ಕೋಣೆ, ಆ ಒಲೆ, ಅವಳು ಕೈಯಾರೆ ಸುಣ್ಣ ಬಳಿದ ಆ ಗೋಡೆ ಕಣ್ಣ ಮುಂದೆ ಬಂದವು. ಪೆನ್ನು ತಗೊಂಡ. ಬೇಲಿಯಾಚೆ ನಿಂತಿದ್ದ ಒಂದೊಂದೇ ಮುಖ ನೋಡ್ದ. ಇವತ್ತು ತನಗೆ ಅರ್ಧ ಸೆಕೆಂಡು ಬಿಟ್ಕೊಂಡ್ರೆ, ಅವತ್ತು ಇವರಿಗೆ ಯಾಕೆ ಬಿಡಲಿಲ್ಲ?

ಫೇಲು ಅಂತ ಬರೆದು, ಕೆಳಗೆ ತನ್ನ ರುಜು ಹಾಕ್ದ.

"ಸರಿಯಾಗೇ ಬರೆದ್ರಿ" ಅಂದ್ಲು ಹೆಂಡ್ತಿ. "ನಾನು ಹೋಗಿ ಪಾತ್ರೆ ಕಟ್ತೀನಿ." ತಿರುಗಿ ನೋಡದೆ ಹೋದ್ಲು.

ಸಾಹೇಬ್ರು ಬಂದ್ರು, ಹಾಳೆ ಓದಿದ್ರು. ಮತ್ತೊಂದು ಸಲ ಓದಿದ್ರು. ಮೀಸೆ ಅದುರ್ತು.

"ನಿನ್ನ ಅನ್ನಕ್ಕೆ ನೀನೇ ಕಲ್ಲು ಹಾಕ್ಕೊಂಡ್ಯಲ್ಲಯ್ಯ! ನಿನ್ನಂಥೋನ್ನ ಕಳಿಸಿ ನಾನು ಯಾವ ಕಳ್ಳನ್ನ ಕೂರಿಸ್ಲಿ?" ಅಂತ ಗಡಿಯಾರ ಕಿತ್ಕೊಂಡು ಕಿವಿಗೆ ಹಿಡಿದ್ರು. "ಈ ಗಡಿಯಾರ ಸರಿಯಿಲ್ಲ. ಅರ್ಧ ಸೆಕೆಂಡು ಹೆಚ್ಚು ತೋರ್ಸುತ್ತೆ."

"ಇಲ್ಲ ಸಾಹೇಬ್ರೇ, ಸರಿಯಾಗೇ..."

"ಬಾಯಿ ಮುಚ್ಚು." ಹಾಳೆ ಮೇಲೆ ಗಡಿಯಾರ ಕೆಟ್ಟಿದೆ ಅಂತ ಬರೆದು, ಫೇಲು ಹೊಡೆದುಹಾಕಿ ಪಾಸು ಮಾಡಿ, ಸೀಲು ಒತ್ತಿದ್ರು. ಕಾಯಂ ಕಾಗದಕ್ಕೂ ಅಲ್ಲೇ ರುಜು ಬಿತ್ತು. ಬೇಲಿಯಾಚೆ ಜನ ಟೋಪಿ ಎಸೆದ್ರು. ಯಾರೋ ಅವನ ಹೆಂಡ್ತಿಗೆ ಹೇಳೋಕೆ ಕ್ವಾರ್ಟರ್ಸ್ ಕಡೆ ಓಡಿದ್ರು.

ಎಸೆದ ಟೋಪಿ ಇನ್ನೂ ಕೆಳಗೆ ಬಿದ್ದಿರಲಿಲ್ಲ, ಕ್ಷೌರದವನು ಕೂಗು ನಿಲ್ಲಿಸಿ ತಲೆ ಕೆರ್ಕೊಂಡ.

"ಸಾಹೇಬ್ರೇ, ನನ್ನ ಫೇಲು ಮಾಡಿದ್ದೂ ಇದೇ ಗಡಿಯಾರ ಅಲ್ವಾ?"

"ನನ್ನನ್ನೂ!" ಅಂದ ಭಟ್ಟಿಯವನು.

"ನನ್ನನ್ನೂ!" "ನನ್ನ ತಮ್ಮನ್ನೂ!" ಬೇಲಿ ಮುರೀತು. ಪೇಟೆ ಪೂರ್ತಿ ಮೈದಾನಕ್ಕೆ ನುಗ್ತು. "ಅರ್ಧ ಸೆಕೆಂಡು ಕಳೀರಿ, ನಾವೆಲ್ಲಾ ಪಾಸು!"

ಸಾಹೇಬ್ರು ಆ ಹೊಟ್ಟೆಗಳ ಸಾಲು ನೋಡಿ ಬೆವರಿದ್ರು. ಇವರನ್ನೆಲ್ಲಾ ಗಡಿಗೆ ಕಳಿಸಿದ್ರೆ ಶತ್ರು ನಕ್ಕೇ ಸಾಯ್ಬೇಕು. ಹಾಗಂತ ಒತ್ತಿದ ಸೀಲು ನಾಲಿಗೇಲಿ ನೆಕ್ಕಿ ಅಳಿಸೋಕಾಗುತ್ತಾ?

"ಕಳೆಯೋದೂ ಇಲ್ಲ, ಕೂಡೋದೂ ಇಲ್ಲ!" ಅಂತ ಗುಡುಗಿದ್ರು. "ಇವತ್ತು ಅರ್ಧ ಸೆಕೆಂಡು ತಪ್ಪು, ಅವತ್ತು ಎಷ್ಟು ತಪ್ಪಿತ್ತೋ ಯಾರಿಗೆ ಗೊತ್ತು? ತಪ್ಪು ಕಚೇರೀದು. ಎಲ್ಲರೂ ಮತ್ತೆ ಓಡಿ. ಇವತ್ತೇ."

"ಯಾವ ಗಡಿಯಾರದಲ್ಲಿ ಸಾಹೇಬ್ರೇ?" ಅಂತ ಕೇಳಿದ ತೂಕದವನು. "ಇದು ಕೆಟ್ಟಿದೆ ಅಂತ ತಾವೇ ಬರೆದ್ರಿ. ಹೊಸದು ಮೇಲಿಂದ ಬರ್ಬೇಕು. ನಾವು ಕುರ್ಚಿ ಬೇಕು ಅಂತ ಬರೆದಾಗ, ಬರೆದೋನು ರಿಟೈರಾಗಿ ಮನೇಲಿ ಮಂಚ ಹಿಡಿದ ಮೇಲೆ ಬಂತು. ಮೊಬೈಲು ಗಿಬೈಲು ನಿಯಮದಲ್ಲಿ ನಡೆಯಲ್ಲ."

ಸಾಹೇಬ್ರು ಯೋಚ್ನೆ ಮಾಡಿದ್ರು. ಹಾಳೆ ನೋಡಿದ್ರು. ಆಮೇಲೆ ನಿಧಾನಕ್ಕೆ ಅರ್ಧ ಸೆಕೆಂಡಪ್ಪನ ಕಡೆ ತಿರುಗಿದ್ರು.

"ಗಡಿಯಾರದ ತಪ್ಪು ಬಿಟ್ರೆ ನಿನ್ನ ಓಟ ಸರಿಯಾಗಿ ಗಡುವಿಗೇ ಬಂದು ನಿಂತಿದೆ. ಒಂದು ಕೂದಲು ಹೆಚ್ಚಿಲ್ಲ, ಕಡಿಮೆಯಿಲ್ಲ. ಸೀಲೂ ಬಿದ್ದಿದೆ. ಇನ್ಮೇಲೆ ನೀನೇ ಗಡಿಯಾರ. ಬಂದೋರ ಜೊತೆಗೆಲ್ಲಾ ನೀನೂ ಓಡು. ನಿನಗಿಂತ ಮುಂದೆ ಬಂದೋನು ಪಾಸು, ಹಿಂದೆ ಬಂದೋನು ಫೇಲು."

"ಎಷ್ಟು ದಿನ ಸಾಹೇಬ್ರೇ?"

"ಕಾಯಂ ಆಗಿದೀಯಲ್ಲಯ್ಯ!"

ಕ್ಷೌರದವನು ಪ್ಯಾಂಟು ಮಡಚಿ, ಗೆರೆ ಮೇಲೆ ಬಂದು ಅವನ ಪಕ್ಕ ನಿಂತ. ಇನ್ನೊಂದು ಪಕ್ಕ ಭಟ್ಟಿಯವನು. ಸೀಟಿ ಊದಿದ್ರು.

ಹೆಂಡ್ತಿ ಬಂದಾಗ ಕೈಯಲ್ಲಿ ಅರ್ಧ ಕಟ್ಟಿದ ಪಾತ್ರೆ ಗಂಟು ಇನ್ನೂ ಇತ್ತು. ಗಂಡ ಎದುರಿಗೇ ಓಡಿ ಬರ್ತಿದ್ದ.

"ರೀ! ಕೆಲಸ ಕಾಯಂ ಆಯ್ತಂತೆ!"

"ಆಯ್ತು ಕಣೇ!"

"ಮತ್ಯಾಕ್ರೀ ಇನ್ನೂ ಓಡ್ತಾ ಇದೀರಾ?"

ಅಷ್ಟರಲ್ಲಿ ಅವನು ಮುಂದೆ ಹೋಗಿಬಿಟ್ಟಿದ್ದ. ಅವಳು ಗಂಟು ಇಳಿಸಿ ಕಾದ್ಲು. ಪೂರ್ತಿ ಒಂದು ಸುತ್ತು ಆದ ಮೇಲೆ, ಹಿಟ್ಟಿನ ಮೋಡದೊಳಗಿಂದ ಉತ್ತರ ಬಂತು.

"ಇದೇ ಕಣೇ ಕೆಲಸ!"