ಹಲಗೆಯ ಮೂಲೆಯ ಹೆಬ್ಬೆಟ್ಟು

ನಮ್ಮ ಭಾವನವರು ಒಮ್ಮೆ, ಗಟ್ಟಿಮುಟ್ಟಾಗಿದ್ದ ಮುದುಕಿಯೊಬ್ಬಳನ್ನು ಹಾಡಹಗಲೇ ಮುಳಬಾಗಿಲಿನ ಬಸ್‌ಸ್ಟ್ಯಾಂಡಿನ ಎದುರಿಗೆ ಸಾಯಿಸಿಬಿಟ್ಟರು. ಆಯುಧ ಯಾವುದು ಅಂತೀರಿ? ಒಂದು ಸೀಮೆಸುಣ್ಣದ ಕಡ್ಡಿ! ಪೊಲೀಸಿನವರೂ ನಿಂತು ಓದಿಕೊಂಡು ಹೋದರೇ ಹೊರತು ಯಾರೂ ಅವರನ್ನು ಹಿಡಿಯಲಿಲ್ಲ. ಗಾಬರಿಯಾಗಬೇಡಿ, ಮೊದಲಿಂದ ಹೇಳುತ್ತೇನೆ.

ಭಾವ ಎಂದರೆ ನಮ್ಮ ಯಜಮಾನರ ಅಣ್ಣ. ಎಪ್ಪತ್ತರ ದಶಕದಲ್ಲಿ ನಾನು ಮಾಲೂರಿನಿಂದ ಆ ಮನೆಗೆ ಸೊಸೆಯಾಗಿ ಬಂದಾಗ ಬಸ್‌ಸ್ಟ್ಯಾಂಡಿನ ಎದುರು ಅವರದೊಂದು ಸೈಕಲ್ ಷಾಪಿತ್ತು. ಷಾಪು ಹೆಸರಿಗೆ ಮಾತ್ರ. ಅಸಲು ಕೆಲಸ, ಅದರ ಗೋಡೆಗೆ ತೂಗುಹಾಕಿದ್ದ ಕರಿಹಲಗೆಯ ಮೇಲೆ ದಿನಾ ಬೆಳಿಗ್ಗೆ ಊರ ಸುದ್ದಿ ಬರೆಯುವುದು. ಬರೆಯಿರಿ ಅಂತ ಯಾರಾದರೂ ಕೇಳಿದ್ದರೇ? ಇಲ್ಲ! ಸಂಬಳ ಉಂಟೇ? ಅದೂ ಇಲ್ಲ! ಸೀಮೆಸುಣ್ಣವೂ ಸ್ವಂತದ್ದೇ.

"ಬೆಂಗಳೂರು ಪೇಪರಲ್ಲಿ ಪ್ರಪಂಚದ್ದೆಲ್ಲ ಬರುತ್ತೆ. ನಮ್ಮೂರ ಕೊಳಾಯಿಗೆ ನೀರು ಯಾವಾಗ ಬಿಡ್ತಾರೆ ಅಂತ ಬರುತ್ತೇನಮ್ಮ?" ಎಂದು ನನ್ನನ್ನೇ ಕೇಳಿದ್ದರು.

ಪಂಕ್ಚರ್ ಹಾಕಲು ಟ್ಯೂಬು ಬಿಚ್ಚುತ್ತಾರೆ, ಅಷ್ಟರಲ್ಲಿ ಯಾರದೋ ಎಮ್ಮೆ ಕಳೆದುಹೋಯಿತು ಅಂತ ಸುದ್ದಿ ಬರುತ್ತದೆ, ಭಾವ ಅತ್ತ ಓಡುತ್ತಾರೆ. ಗಿರಾಕಿ ಕಾದು ಕಾದು, ತಾನೇ ಪಂಕ್ಚರ್ ಹಾಕಿಕೊಂಡು ಹೊರಡುತ್ತಾನೆ. ಹೀಗಾಗಿ ನಮ್ಮೂರಿನ ಅರ್ಧ ಗಂಡಸರು ಆ ವಿದ್ಯೆ ಕಲಿತರು.

ವರದಿಗಾರರಿಗೇನು ಬರವಿರಲಿಲ್ಲ. ಶ್ರೀನಿವಾಸಪುರದ ಬಸ್ಸಿನ ಕಂಡಕ್ಟರು ಮಾವಿನ ಫಸಲಿನ ಸಮಾಚಾರ ತರುತ್ತಿದ್ದ, ಕೋಲಾರದ ಬಸ್ಸಿನವನು ತರಕಾರಿ ರೇಟು, ನಂಗಲಿಯಿಂದ ಬರುವ ಲಾರಿ ಕ್ಲೀನರು ಆಂಧ್ರದ ಮಳೆ. ಎಲ್ಲರಿಗೂ ಅರ್ಧ ಲೋಟ ಟೀ. ಭಾವನವರ ಕಾನೂನು ಒಂದೇ: ಸುದ್ದಿ ಯಾವುದಾದರೂ ಇರಲಿ, ಕಣ್ಣಾರೆ ಕಂಡ ಇಬ್ಬರು ಸಾಕ್ಷಿ ಬೇಕು.

ಆ ಕಾನೂನಿಗೆ ಮೊದಲು ಬಲಿಯಾದವಳು ನಾನೇ. ಮದುವೆಯಾಗಿ ಬಂದ ಮೂರನೇ ದಿನ ಹಲಗೆಯ ಮೇಲೆ ದುಂಡು ಅಕ್ಷರದಲ್ಲಿ, "ನಮ್ಮ ಮನೆಯ ಹೊಸ ಸೊಸೆ ಮಾಡಿದ ಬಸ್ಸಾರಿನಲ್ಲಿ ಉಪ್ಪು ತುಸು ಮುಂದು!" ನಾನು ಅಡುಗೆಮನೆಯಲ್ಲಿ ಕೂತು ಅತ್ತೆ. ನನ್ನ ಓರಗಿತ್ತಿ, ಅಂದರೆ ಭಾವನವರ ಹೆಂಡತಿ, ಸೌಟು ಹಿಡಿದೇ ಜಗಳಕ್ಕೆ ನಿಂತಳು.

"ಏನ್ರೀ, ಮನೆ ಮಾನ ತಗೊಂಡೋಗಿ ಬಸ್‌ಸ್ಟ್ಯಾಂಡಲ್ಲಿ ಹರಾಜಿಗಿಟ್ರಲ್ಲ!"

"ಸುಳ್ಳೇನೇ? ನೀನೇ ಎರಡು ಚೊಂಬು ನೀರು ಕುಡಿದೆ. ನೀನು ಒಂದನೇ ಸಾಕ್ಷಿ ಕಣೇ."

"ಮತ್ತೆ ಎರಡನೆಯವರು?"

ನನ್ನ ಯಜಮಾನರು ಆ ಗಳಿಗೆಯಲ್ಲೇ ಏನೋ ಜ್ಞಾಪಕ ಬಂದವರಂತೆ ಚಪ್ಪಲಿ ಮೆಟ್ಟಿಕೊಂಡು ಹೊರಟುಹೋದರು! ಮಾರನೇ ದಿನ, "ಸಾರು ಈಗ ಸರಿಯಾಗಿದೆ" ಎಂದು ಹಲಗೆಯಲ್ಲಿ ಬಂತು. ಆದರೇನು? ಒಂದು ವರ್ಷದವರೆಗೂ ಗುರುತು ಪರಿಚಯವಿಲ್ಲದವರು ಬಸ್ಸಿನಲ್ಲಿ ನನ್ನನ್ನು ನಿಲ್ಲಿಸಿ, "ಉಪ್ಪು ಹದಕ್ಕೆ ಬಂತೇನಮ್ಮ?" ಎಂದು ವಿಚಾರಿಸುತ್ತಿದ್ದರು.

ಇನ್ನು ಆ ಕೊಲೆಯ ವಿಚಾರ. ಒಂದು ಬೆಳಿಗ್ಗೆ ಶ್ರೀನಿವಾಸಪುರದ ಬಸ್ಸಿನ ಕಂಡಕ್ಟರೂ ಬಸ್‌ಸ್ಟ್ಯಾಂಡಿನಲ್ಲಿ ಹೂವು ಮಾರುವವಳೂ ಒಂದೇ ಬಸ್ಸಿನಿಂದ ಇಳಿದು ಒಂದೇ ಮಾತು ಹೇಳಿದರು. ಕುರುಡುಮಲೆ ದಾರಿಯಲ್ಲಿ ಒಬ್ಬ ಅಜ್ಜಿ ಮನೆ ಮುಂದೆ ಬಿಳಿ ಬಟ್ಟೆ ಮುಸುಕು ಹಾಕಿಕೊಂಡು ಮಲಗಿದ್ದಾಳೆ, ಸುತ್ತ ಜನವೋ ಜನ, ಹೆಂಗಸರ ಗಂಟಲು ಮುಗಿಲು ಮುಟ್ಟಿದೆ. ಸಾಕ್ಷಿ ಎರಡು, ಕಣ್ಣಾರೆ ಕಂಡದ್ದು. ಭಾವನವರು "ಕುರುಡುಮಲೆ ಅಜ್ಜಿಯ ನಿಧನ" ಎಂದು ಬರೆದು ಸುತ್ತ ಗೆರೆಯನ್ನೂ ಎಳೆದರು. ನಂಗಲಿಯಲ್ಲಿದ್ದ ಅಜ್ಜಿಯ ನೆಂಟರು ಸುದ್ದಿ ಕೇಳಿ ಹಾರ ಹಿಡಿದು, ದಾರಿಯುದ್ದಕ್ಕೂ ಅತ್ತುಕೊಂಡು ಹೋದರು. ನೋಡಿದರೆ ಅಜ್ಜಿ ಜಗುಲಿಯಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದಾಳೆ! ತಂದ ಹಾರ ಅವಳ ಮೇಕೆಗಾಯಿತು.

ಮಾರನೇ ದಿನ ಮೊದಲ ಬಸ್ಸಿಗೇ ಅಜ್ಜಿ ಬಂದಿಳಿದಳು, ಕೈಯಲ್ಲಿ ದೊಣ್ಣೆ.

"ಏಮಯ್ಯಾ ಬೋರ್ಡಯ್ಯಾ! ನನ್ನ ಸಾಯ್ಸಿದೋನು ನೀನೇನಾ? ನೇನು ಇಂಕಾ ಬತಿಕೇ ಉನ್ನಾ, ಚೂಡು! ಕಣ್ಬಿಟ್ಟು ನೋಡು, ಬದುಕಿದ್ದೀನಿ!"

"ಅಜ್ಜೀ, ಇಬ್ಬರು ನೋಡಿದ್ರು... ಮುಸುಕು ಹಾಕಿ ಮಲಗಿದ್ರಂತೆ... ಹೆಂಗಸ್ರು ಅಳ್ತಿದ್ರಂತೆ..."

"ಬಿಸ್ಲಿಗೆ ಮುಸುಕು ಹಾಕ್ಕೊಂಡಿದ್ದೆ ಕಣಯ್ಯಾ! ರಸ್ತೆ ಅಗಲ ಮಾಡ್ತೀವಿ, ನಿನ್ನ ಹುಣಸೇಮರ ಕಡೀತೀವಿ ಅಂತ ಸರ್ಕಾರದೋರು ಟೇಪು ಹಿಡ್ಕೊಂಡು ಬಂದಿದ್ರು. ನನ್ನ ದಾಟ್ಕೊಂಡು ಕಡೀರಿ ಅಂತ ಅಡ್ಡ ಮಲಗ್ದೆ. ಹೆಂಗಸ್ರು ಅತ್ತಿದ್ದಲ್ಲ, ಅವ್ರನ್ನ ಬೈದಿದ್ದು! ಟೇಪು ಸುತ್ಕೊಂಡು ಓಡೋದ್ರು. ಅದಲ್ವೇನಯ್ಯಾ ಸುದ್ದಿ?"

ಬಸ್‌ಸ್ಟ್ಯಾಂಡಿಗೆ ಬಸ್‌ಸ್ಟ್ಯಾಂಡೇ ನಕ್ಕಿತು. ಭಾವನವರು ಮಾತ್ರ ನಗಲಿಲ್ಲ. ತಪ್ಪಾಯಿತು ಎಂದು ಬರೆದು, ಸಂಜೆಯವರೆಗೆ ಹಲಗೆಯ ಪಕ್ಕದಲ್ಲೇ ಕೈಕಟ್ಟಿ ನಿಂತಿದ್ದರು. ಆದರೆ ಊರಿನ ಬಾಯಿಗೆ ಬೀಗ ಉಂಟೇ? ಯಾರು ಏನು ಸುಳ್ಳು ಹೇಳಿದರೂ "ಬೋರ್ಡ್ ಮಾತು ಬಿಡೋ" ಅನ್ನತೊಡಗಿದರು. ನೀರು ಬರುತ್ತದೆ ಅಂತ ಬರೆದರೆ ಯಾರೂ ಬಿಂದಿಗೆ ಇಡಲಿಲ್ಲ. ಭಾವ ಹಲಗೆಯನ್ನು ಇಳಿಸಿ ಗೋಡೆಗೆ ತಿರುವಿಟ್ಟರು. ಆಮೇಲೆ ಬರೀ ಪಂಕ್ಚರ್! ಷಾಪು ಚೆನ್ನಾಗಿ ನಡೆಯಿತು, ಆದರೆ ಆ ಮನುಷ್ಯ ಸರಿಯಾಗಿ ಉಣ್ಣಲಿಲ್ಲ, ಮಾತಾಡಲಿಲ್ಲ. ಹಲಗೆಯನ್ನು ಕಂಡರೆ ಕೆಂಡ ಕಾರುತ್ತಿದ್ದ ನನ್ನ ಓರಗಿತ್ತಿಯೇ, "ಆ ಹಾಳು ಬೋರ್ಡು ಬರೀರಿ ಅತ್ಲಾಗೆ, ನಿಮ್ಮ ಮುಖ ನೋಡಕ್ಕಾಗಲ್ಲ" ಎಂದಳು.

ಮುಂದಿನ ಸಂತೆಗೆ ಬಂದ ಅಜ್ಜಿ ಖಾಲಿ ಗೋಡೆ ನೋಡಿದಳು.

"ಬೋರ್ಡೆಲ್ಲಯ್ಯಾ?"

"ನನ್ನ ಮಾತು ಯಾರೂ ನಂಬಲ್ಲ ಅಜ್ಜೀ."

"ನೀನು ಬರೆ. ನಂಗೆ ಓದೋಕೆ ಬರಲ್ಲ, ಹೆಬ್ಬೆಟ್ಟು ಒತ್ತೋಕೆ ಬರುತ್ತೆ. ಸತ್ತೋಳೇ ಬಂದು ಸಾಕ್ಷಿ ಹಾಕಿದ್ ಮೇಲೆ ಯಾವನು ನಂಬಲ್ವೋ ನೋಡೇಬಿಡ್ತೀನಿ!"

ಭಾವ ಹಲಗೆಯನ್ನು ಮತ್ತೆ ತೂಗುಹಾಕಿ ಸುದ್ದಿ ಬರೆದರು. ಅಜ್ಜಿ ಒದ್ದೆ ಸೀಮೆಸುಣ್ಣಕ್ಕೆ ಹೆಬ್ಬೆರಳು ತಿಕ್ಕಿ ಅದರ ಮೂಲೆಗೆ ಒತ್ತಿದಳು. ಅವತ್ತಿನಿಂದ ಪ್ರತಿ ಸಂತೆಗೂ ಅದೇ. ಯಾರಿಂದಲಾದರೂ ಹಲಗೆ ಓದಿಸುವುದು, "ಇವತ್ತು ನಾನಿದ್ದೀನಾ, ಸತ್ತಿದ್ದೀನಾ?" ಎಂದು ಕೇಳುವುದು, ಹೆಬ್ಬೆಟ್ಟು ಒತ್ತುವುದು. ಜನ ಮತ್ತೆ ನಂಬಿದರು, ಬಿಂದಿಗೆ ಇಟ್ಟರು. ಭಾವನವರೂ ಕಾನೂನು ಬದಲಾಯಿಸಿದರು. ಬಸ್ಸಿನ ಕಿಟಕಿಯಲ್ಲಿ ಕಂಡದ್ದು ಲೆಕ್ಕಕ್ಕಿಲ್ಲ, ತಾವೇ ಸೈಕಲ್ಲು ತುಳಿದು ಹೋಗಿ ನೋಡಿದ ಮೇಲೆಯೇ ಬರೆಯುವುದು.

ಹೀಗೆ ಎಷ್ಟೋ ವರ್ಷ ನಡೆಯಿತು. ಎಂಬತ್ತರ ದಶಕವೂ ಅರ್ಧ ಕಳೆದಿತ್ತು. ಒಂದು ಸಂತೆಯ ದಿನ ಅಜ್ಜಿ ಮೊದಲ ಬಸ್ಸಿಗೆ ಬರಲಿಲ್ಲ. ಎರಡನೆಯದಕ್ಕೂ ಬರಲಿಲ್ಲ. ಭಾವ ಯಾರನ್ನೂ ಏನೂ ಕೇಳದೆ ಸೈಕಲ್ಲು ಹತ್ತಿದರು. ಮಧ್ಯಾಹ್ನ ನಾನು ಊಟದ ಕ್ಯಾರಿಯರ್ ಹಿಡಿದು ಷಾಪಿಗೆ ಹೋದಾಗ ವಾಪಸು ಬಂದು ಕೂತಿದ್ದರು.

"ನೋಡ್ಕೊಂಡು ಬಂದೆ ಕಣಮ್ಮ. ಮುಸುಕು ಹಾಕಿ ಮಲಗಿದ್ಳು. ಸುತ್ತ ಹೆಂಗಸ್ರಿದ್ರು," ಎಂದು ಸೀಮೆಸುಣ್ಣ ಕೈಗೆತ್ತಿಕೊಂಡರು. "ಈ ಸಲ ಯಾರೂ ಬೈತಿರಲಿಲ್ಲ."

ಎದ್ದು ಹಲಗೆಯ ಮುಂದೆ ನಿಂತರು. ಬರೆದರು, ಅಳಿಸಿದರು, ಮತ್ತೆ ಬರೆದು ಅಳಿಸಿದರು. ಕೊನೆಗೆ ಉಳಿದದ್ದು ಒಂದೇ ಸಾಲು: "ಈ ವಾರ ಅಜ್ಜಿ ಸಂತೆಗೆ ಬರಲಿಲ್ಲ." ಕಂಡಕ್ಟರು ಓದಿ ಟೋಪಿ ತೆಗೆದ. ಹೂವಿನವಳು ಹೂವು ಕಟ್ಟುವುದನ್ನು ನಿಲ್ಲಿಸಿದಳು. ನನಗೆ ಅಳು ತಡೆಯಲಾಗಲಿಲ್ಲ.

"ಭಾವ, ಸುದ್ದಿ ಪೂರ್ತಿ ಬರೀಲಿಲ್ವಲ್ಲ?" ಎಂದೆ.

ಅವರು ಒದ್ದೆ ಬಟ್ಟೆ ಹಿಡಿದು ಹಲಗೆಯ ಉಳಿದ ಜಾಗವನ್ನೆಲ್ಲ ಒರೆಸಿದರು, ಹೋದ ವಾರದ ಹೆಬ್ಬೆಟ್ಟಿದ್ದ ಮೂಲೆಯೊಂದನ್ನು ಬಿಟ್ಟು.

"ಒಂದ್ಸಲ ಬರ್ದಿದ್ದೀನಲ್ಲಮ್ಮ," ಎಂದರು. "ಎರಡನೇ ಸಲ ನನ್ ಕೈಲಾಗಲ್ಲ."