ಮಾವನವರಿಗೆ ಹಿಮದುಂಡೆ

ಅಳಿಯನಾದವನಿಗೂ ಬೆನ್ನುಮೂಳೆ ಇರುತ್ತದೆ, ಆದರೆ ಮಾವನವರನ್ನು ಕಂಡೊಡನೆ ಅದು ತಾನಾಗಿಯೇ ಬಾಗುತ್ತದೆ. ನಾನಂತೂ ಅವರೆದುರು ಕಾಲ ಮೇಲೆ ಕಾಲು ಹಾಕಿ ಕೂತವನೇ ಅಲ್ಲ. ಅಂಥವನಿಗೆ ಅವರ ಮೇಲೆ ಹಿಮದುಂಡೆ ಹೊಡೆಯುವ ಪಾತ್ರ ಬಂತೆಂದರೆ, ನನ್ನ ಗ್ರಹಚಾರವನ್ನು ನೀವೇ ಊಹಿಸಿ.

ಪಾತ್ರ ಕೊಟ್ಟವಳು ನನ್ನ ಪುಟ್ಟ ಮಗಳು ಅನನ್ಯಾ. ಹಿಂದಿನ ಯುಗಾದಿಗೆ ಕನ್ನಡ ಸಂಘದ ನಾಟಕದಲ್ಲಿ ಮಾತು ಮರೆತು ವೇದಿಕೆಯ ಮೇಲೇ ಅತ್ತುಬಿಟ್ಟಿದ್ದಳು; ನನ್ನ ಕರುಳು ಚುರುಕ್ಕೆಂದಿತ್ತು. ಈ ಸಲ ಶಾಲೆಯಲ್ಲಿ ಯಾವುದೋ ಹಳೇ ಕಾಲದ ಮೂಕಿಚಿತ್ರ ತೋರಿಸಿದರಂತೆ. ಅದರಲ್ಲಿ ಟೋಪಿ ತೊಟ್ಟ ದೊಡ್ಡ ಮನುಷ್ಯರೆಲ್ಲ ಹಿಮ ಎರಚಾಡಿಕೊಂಡು ಬೀಳುವುದೇನು, ಏಳುವುದೇನು! "ಅಪ್ಪಾ, ನೋ ಡಯಲಾಗ್ಸ್! ಐ ಕಾಂಟ್ ಫರ್ಗೆಟ್ ಎನಿಥಿಂಗ್!" ಎಂದು ಕುಣಿದಳು. ಈ ಯುಗಾದಿಗೆ ನಾವೇ ಅಂಥದ್ದೊಂದು ಚಿತ್ರ ತೆಗೆದು ಸಂಘದಲ್ಲಿ ತೋರಿಸುವುದೆಂದಾಯಿತು. ಆ ವಾರವೇ ಹಿಮವೂ ಬಿತ್ತು. ಅಮೆರಿಕದ ನಮ್ಮ ಬೆಲ್ವ್ಯೂನಲ್ಲಿ ಹಿಮ ಅಪರೂಪದ ನೆಂಟ. ಬೆಳಿಗ್ಗೆ ಬಂದರೆ ಶಾಲೆ, ಆಫೀಸು ಎಲ್ಲಕ್ಕೂ ರಜೆ, ಮಧ್ಯಾಹ್ನದ ಮಳೆಗೆ ಎಲ್ಲವೂ ಕೆಸರು. ಅಷ್ಟರೊಳಗೆ ಚಿತ್ರ ಮುಗಿಯಬೇಕಿತ್ತು.

ಮೈಸೂರಿನಿಂದ ಬಂದಿದ್ದ ಮಾವನವರು ನಿವೃತ್ತ ಹೆಡ್‌ಮಾಸ್ಟರು. ಪಂಚೆಯ ಕೆಳಗೆ ನನ್ನ ಬೂಟು ತೊಟ್ಟು ಪಾರ್ಕಿಂಗ್ ಲಾಟಿನಲ್ಲಿ ಗಂಭೀರವಾಗಿ ನಿಂತರು. ಹೆಂಡತಿ ಸುಧಾ ಫೋನ್ ಹಿಡಿದಳು.

"ಹೊಡೀರಿ ಅಳಿಯಂದ್ರೇ, ಸಂಕೋಚ ಬೇಡ" ಎಂದರು ಮಾವನವರು.

ಹೊಡೆದೆ. ಉಂಡೆ ಅವರ ಭುಜ ಸೋಕಿತು. ಹಿರಿಯರಿಗೆ ಏನಾದರೂ ತಗುಲಿದರೆ ಮುಟ್ಟಿ ಕಣ್ಣಿಗೊತ್ತಿಕೊಳ್ಳುವ ಅಭ್ಯಾಸ ನೋಡಿ, ಓಡಿಹೋಗಿ ಕಾಲು ಮುಟ್ಟಿಬಿಟ್ಟೆ. ಅವರೂ ಅಭ್ಯಾಸಬಲದಿಂದ ಕೈಯೆತ್ತಿ "ದೀರ್ಘಾಯುಷ್ಮಾನ್ ಭವ" ಎಂದರು.

"ಕಟ್! ಅಪ್ಪಾ, ದಿಸ್ ಈಸ್ ಎ ಫೈಟ್!"

ಎರಡನೆಯ ಸಲವೂ ಅದೇ ಉಂಡೆ, ಅದೇ ನಮಸ್ಕಾರ, ಅದೇ ಆಶೀರ್ವಾದ. "ರೀ, ಇದೇನು ಮದುವೆ ಮನೇನಾ?" ಎಂದಳು ಸುಧಾ. ಅಷ್ಟರಲ್ಲಿ ಮೋಡ ಕವಿದು ಹನಿ ಶುರುವಾಯಿತು. "ಇಟ್ಸ್ ಮೆಲ್ಟಿಂಗ್, ತಾತಾ" ಎಂದ ಮಗಳ ಕಣ್ಣು ತುಂಬಿತು. ಮಾವನವರು ಅವಳನ್ನೇ ಒಂದು ಕ್ಷಣ ನೋಡಿದರು.

ದೇವರ ಮೇಲೆ ಭಾರ ಹಾಕಿ ನಾನು ಬೀಸಿದ ಉಂಡೆ ಈ ಸಲ ಸರಿಯಾಗಿ ಅವರ ಮೂಗಿಗೇ ಬಡಿಯಿತು. "ಅಯ್ಯಯ್ಯೋ, ತಪ್ಪಾಯ್ತು!" ಎಂದು ಓಡಿ ಬಗ್ಗಿದೆ. ಆಶೀರ್ವದಿಸಲು ಎತ್ತಿದ ಅವರ ಕೈಯಲ್ಲಿ ಹಿಮವಿತ್ತು. ಅಷ್ಟೂ ನನ್ನ ಕಾಲರಿನೊಳಗೆ ಇಳಿಯಿತು. ನಾನು ಕುಣಿದ ಕುಣಿತಕ್ಕೆ ಹೆಡ್‌ಮಾಸ್ಟರು ಕೇಕೆ ಹಾಕಿ ನಕ್ಕರು.

ಯುಗಾದಿಯಂದು ಚಿತ್ರ ನೋಡಿ ಸಭೆ ಬಿದ್ದು ಬಿದ್ದು ನಕ್ಕಿತು. ಮಗಳು ಅದೇ ವೇದಿಕೆಯ ಮೇಲೆ ತಾತನ ಕೈಹಿಡಿದು ನಗುತ್ತ ನಿಂತಿದ್ದನ್ನು ಕಂಡು ನನ್ನ ಹೊಟ್ಟೆ ತಣ್ಣಗಾಯಿತು.

ಮಾವನವರು ಊರಿಗೆ ಹೊರಟ ದಿನ ವಿಮಾನ ನಿಲ್ದಾಣದಲ್ಲಿ ಕಾಲಿಗೆ ಬಿದ್ದೆ. ಎಲ್ಲೂ ಹಿಮವಿರಲಿಲ್ಲ, ಬಿಸಿಲು ಚೆನ್ನಾಗಿಯೇ ಇತ್ತು. ಆದರೂ ನನ್ನ ಒಂದು ಕೈ ಕಾಲರನ್ನು ಬಿಗಿಯಾಗಿ ಹಿಡಿದಿತ್ತು.